ಕೈಯಲ್ಲಿಲ್ಲದ ಊರಿನ ಒಡೆಯರು

ಬೆಳಗಾವಿಯ ಕೋಟೆಯೊಳಗಿನ ಕಮಲ ಬಸದಿಗೆ ಬಂದವರು ಮೊದಲು ಕತ್ತೆತ್ತಿ ಚಾವಣಿ ನೋಡುತ್ತಾರೆ. ಕಲ್ಲಿನ ಕಮಲವೊಂದು ಅಲ್ಲಿ ತಲೆಕೆಳಗಾಗಿ ಇಳಿಬಿದ್ದಿದೆ. ಅದಕ್ಕೆ 72 ಎಸಳು. ಹಿಂದಿನ, ಇಂದಿನ, ಮುಂದಿನ ಕಾಲಗಳ ತಲಾ 24 ತೀರ್ಥಂಕರರ ಲೆಕ್ಕ ಅದು. ನೋಡಿ ಮುಗಿಸಿದ ಮೇಲೆ ನಾನು ಅಲ್ಲಿದ್ದ ಕಾವಲಿನವರನ್ನು ಶಾಸನದ ಕಲ್ಲು ಎಲ್ಲಿದೆ ಎಂದು ಕೇಳಿದೆ. "ಅದು ಇಲ್ಲಿ ಇಲ್ರಿ ಸರ. ಸಾಹೇಬರ ಕಾಲದಾಗ ವಿಲಾಯತಿಗೆ ಹೋತಂತ" ಎಂದರು. ಅವರ ಮಾತು ನಿಜ. ರಟ್ಟರ ನಾಲ್ಕನೇ ಕಾರ್ತವೀರ್ಯನ ಮಂತ್ರಿ ಬೀಚಿರಾಜ ಕಟ್ಟಿಸಿದ ಈ ರಟ್ಟ ಜಿನಾಲಯಕ್ಕೆ ಬಿಟ್ಟ ದತ್ತಿಗಳ ಎರಡು ಶಾಸನಗಳು, ಶಕ 1127ರವು, ಅಂದರೆ ಕ್ರಿ.ಶ. 1204ರವು, ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ.

ಅಚ್ಚಾದ ಪಾಠ ನನ್ನ ಚೀಲದಲ್ಲಿತ್ತು. ಬಸದಿಯ ಕಟ್ಟೆಯ ಮೇಲೆ ಕೂತು ಅದನ್ನು ತೆರೆದೆ. ಶಾಸನದ ತಿರುಳು ಸರಳ. ವೇಣುಗ್ರಾಮದ, ಅಂದರೆ ಬೆಳಗಾವಿಯ, ಬಸದಿಯ ಖರ್ಚಿಗೆಂದು ಶುಭಚಂದ್ರ ಭಟ್ಟಾರಕರ ಕೈಗೆ ನೆಲ ಮತ್ತು ಆದಾಯ ಒಪ್ಪಿಸಿದ್ದು. ಆದರೆ ಆ ಮಾತಿಗೆ ಬರುವ ಮೊದಲು ವಂಶಾವಳಿ, ಹೊಗಳಿಕೆ, ಬಿರುದುಗಳ ಉದ್ದನೆಯ ಸಾಲನ್ನು ದಾಟಬೇಕು. ಆ ಸಾಲಿನಲ್ಲಿರುವ ಒಂದು ಪದವಿಯ ಬೆನ್ನು ಹತ್ತಿಯೇ ನಾನು ಹೊರಟಿದ್ದೆ: ಮಹಾಮಂಡಲೇಶ್ವರ.

ಕನ್ನಡ ಶಾಸನಗಳಲ್ಲಿ ಇಷ್ಟು ಸಲ ಎದುರಾಗುವ ಅರಸು ಪದವಿ ಇನ್ನೊಂದಿಲ್ಲವೇನೋ. 973ರಲ್ಲಿ ಎರಡನೇ ತೈಲಪ ರಾಷ್ಟ್ರಕೂಟರನ್ನು ಕೆಡವಿ ಚಾಲುಕ್ಯರ ಆಳಿಕೆಯನ್ನು ಮತ್ತೆ ಎಬ್ಬಿಸಿದ ಮೇಲೆ ನಾಡು ಆಳುವ ಮೆಟ್ಟಿಲುಗಳು ಗಟ್ಟಿಯಾದವು. ಮೇಲೆ ಕಲ್ಯಾಣದ ಚಕ್ರವರ್ತಿ. ಅವನ ಕೆಳಗೆ ಮಹಾಮಂಡಲೇಶ್ವರರು, ಅವರ ಕೆಳಗೆ ಮಹಾಸಾಮಂತರು, ಸಾಮಂತರು, ತೀರಾ ಕೆಳಗೆ ನಾಡಿನ ಮತ್ತು ಊರಿನ ಗಾವುಂಡರು. ಮಹಾಮಂಡಲೇಶ್ವರನಿಗೆ ತನ್ನದೇ ದಂಡು, ತನ್ನದೇ ಸುಂಕ, ತನ್ನದೇ ಮಂತ್ರಿ. ಗದ್ದುಗೆ ತಂದೆಯಿಂದ ಮಗನಿಗೆ ಹೋಗುತ್ತಿತ್ತು. ಚಕ್ರವರ್ತಿ ಕರೆದಾಗ ಯುದ್ಧಕ್ಕೆ ಹೋಗಬೇಕು, ಕಪ್ಪ ಕೊಡಬೇಕು, ಶಾಸನ ಹಾಕಿಸುವಾಗ ಮೊದಲು ಚಕ್ರವರ್ತಿಯ ಹೆಸರು ಹೇಳಬೇಕು. ಇಷ್ಟು ಒಪ್ಪಿಕೊಂಡರೆ ಉಳಿದಂತೆ ಅವನು ಅರಸನೇ.

ಶಾಸನದ ನುಡಿಗಟ್ಟು ಈ ಸಂಬಂಧವನ್ನು ಅಚ್ಚುಕಟ್ಟಾಗಿ ಹಿಡಿದಿಟ್ಟಿದೆ. ಚಕ್ರವರ್ತಿಯ ವಿಜಯರಾಜ್ಯ ಚಂದ್ರಸೂರ್ಯರಿರುವ ತನಕ ನಡೆಯುತ್ತಿರಲು, ಅವನ ಪಾದಪದ್ಮವನ್ನು ನೆಚ್ಚಿ ಬಾಳುವ 'ತತ್ಪಾದಪದ್ಮೋಪಜೀವಿ' ಎಂದು ತಲೆ ಬಾಗಿಸುತ್ತದೆ. ಉಸಿರು ತೆಗೆದುಕೊಳ್ಳುವಷ್ಟರಲ್ಲಿ 'ಸಮಧಿಗತ ಪಂಚಮಹಾಶಬ್ದ ಮಹಾಮಂಡಲೇಶ್ವರಂ' ಎಂದು ಅದೇ ತಲೆ ಮೇಲೇಳುತ್ತದೆ. ಐದು ಮಹಾಶಬ್ದಗಳೆಂದರೆ ಮೆರವಣಿಗೆಯಲ್ಲಿ ಐದು ವಾದ್ಯ ನುಡಿಸಿಕೊಳ್ಳುವ ಮರ್ಯಾದೆ. ಕೊಂಬು, ತಮಟೆ, ಶಂಖ, ಭೇರಿ, ಜಯಘಂಟೆ ಎಂದು ಒಂದು ಪಟ್ಟಿ ಹೇಳುತ್ತದೆ. ಇದಾದ ಮೇಲೆ ಬರುವುದು ಊರಿನ ಹೆಸರು, ಬಾವುಟ, ಲಾಂಛನ, ನಗಾರಿ, ವರ ಕೊಟ್ಟ ದೇವರು. ರಟ್ಟರಿಗೆ ಚಿನ್ನದ ಗರುಡನ ಬಾವುಟ, ತ್ರಿವಳಿ ಎಂಬ ವಾದ್ಯ. ಕದಂಬರಿಗೆ ಸಿಂಹದ ಲಾಂಛನ, ಕೋತಿಯ ಬಾವುಟ, ಪೆರ್ಮಟ್ಟಿ ಎಂಬ ನಗಾರಿ. ಕಳಚುರಿಗಳಿಗೆ ಚಿನ್ನದ ಗೂಳಿಯ ಬಾವುಟ, ಡಮರುಗ. ದೂಳೆದ್ದ ದಾರಿಯಲ್ಲಿ ಬರುತ್ತಿರುವ ದಂಡು ಯಾರದೆಂದು ಮುಖ ಕಾಣುವ ಮೊದಲೇ ಕಿವಿಗೆ ತಿಳಿಯುತ್ತಿದ್ದಿರಬೇಕು.

ಇವುಗಳಲ್ಲಿ ನನ್ನನ್ನು ತಡೆದು ನಿಲ್ಲಿಸಿದ್ದು ಊರಿನ ಹೆಸರು. ಬೆಳಗಾವಿಯಲ್ಲಿ ಕೂತು ಆಳಿದ, ಅದಕ್ಕೂ ಮೊದಲು ಸುಗಂಧವರ್ತಿ ಎಂಬ ಸವದತ್ತಿಯಲ್ಲಿ ಕೂತು ಕೂಂಡಿ ಮೂರು ಸಾವಿರ ಎಂಬ ನಾಡನ್ನು ಆಳಿದ ರಟ್ಟರು ತಮ್ಮನ್ನು ಕರೆದುಕೊಂಡದ್ದು 'ಲತ್ತಲೂರು ಪುರವರಾಧೀಶ್ವರ' ಎಂದು. ಲತ್ತಲೂರು ಎಂದರೆ ಇಂದಿನ ಮಹಾರಾಷ್ಟ್ರದ ಲಾತೂರು. ರಟ್ಟರು ಅದನ್ನು ಆಳಿದವರಲ್ಲ. ತಾವು ರಾಷ್ಟ್ರಕೂಟರ ಕುಲದವರೆಂದು ಹೇಳಿಕೊಂಡು ಅವರ ಊರಿನ ಹೆಸರನ್ನೂ ಗರುಡನನ್ನೂ ಇಟ್ಟುಕೊಂಡರು. ವಿಚಿತ್ರವೆಂದರೆ ಮಾನ್ಯಖೇಟದಿಂದ ಆಳಿದ ಅಮೋಘವರ್ಷನಂಥ ರಾಷ್ಟ್ರಕೂಟ ಚಕ್ರವರ್ತಿಯೂ ಶಾಸನದಲ್ಲಿ ಲತ್ತಲೂರಿನ ಒಡೆಯನೇ. ಅವನಿಗೂ ಅದು ಬಿಟ್ಟು ಬಂದ ಊರು.

ಇದು ಒಬ್ಬರ ಚಾಳಿಯಾಗಿರಲಿಲ್ಲ. ಕೊಲ್ಹಾಪುರದ ಶಿಲಾಹಾರರು ತಗರಪುರದ, ಅಂದರೆ ಈಗಿನ ತೇರ್ ಎಂಬ ಊರಿನ ಅಧೀಶ್ವರರು. ಮಂಗಳವಾಡದ ಕಳಚುರಿಗಳು ದೂರದ ಬುಂದೇಲಖಂಡದ ಕಾಲಂಜರದ ಅಧೀಶ್ವರರು. ದೋರಸಮುದ್ರದ ಹೊಯ್ಸಳರು ಕೃಷ್ಣನ ದ್ವಾರಾವತಿಗೆ ಒಡೆಯರು. ನಾಗವಂಶದವರೆಂದ ಸಿಂದರಂತೂ ಪಾತಾಳದ ಭೋಗಾವತಿಗೇ ಕೈ ಹಾಕಿದರು. ಹುಬ್ಬಳ್ಳಿಯ ಯಾವ ಓಣಿಗೆ ಹೋದರೂ ಬಾಗಿಲ ಮೇಲೆ ಹಾನಗಲ್ಲ, ಸವದತ್ತಿ, ಬಾದಾಮಿ ಎಂಬ ಅಡ್ಡಹೆಸರು ಸಿಗುತ್ತವೆ. ಆ ಮನೆಯ ಮಕ್ಕಳು ಆ ಊರನ್ನು ನೋಡಿಯೇ ಇರುವುದಿಲ್ಲ. ಅಜ್ಜನ ಅಜ್ಜ ಹೊರಟು ಬಂದ ಊರು ಹೆಸರಿಗೆ ಅಂಟಿಕೊಂಡು ಬಂದಿರುತ್ತದೆ. ಮಹಾಮಂಡಲೇಶ್ವರನ ಪುರವೂ ಹಾಗೆಯೇ ಬಂದದ್ದು. ಇಲ್ಲಿನ ಗದ್ದುಗೆ ಚಕ್ರವರ್ತಿಯ ಕೈಯಿಂದ ಬಂದದ್ದಿರಬಹುದು, ತಾನು ಮಾತ್ರ ಮೊದಲಿಂದ ಅರಸು ಕುಲದವನು ಎಂದು ಅವನು ಅದರ ಮೂಲಕ ನೆನಪಿಸುತ್ತಿದ್ದ.

ಆದರೆ ಬೆಳಗಾವಿಯ ಶಾಸನದಲ್ಲಿ ಇನ್ನೊಂದು ತೊಡಕಿದೆ. 1204ರ ಹೊತ್ತಿಗೆ ಕಲ್ಯಾಣದ ಚಾಲುಕ್ಯರ ಕಥೆ ಮುಗಿದಿತ್ತು. ನೆಚ್ಚಿ ಬಾಳಲು ಮೇಲೆ ಯಾರ ಪಾದಪದ್ಮವೂ ಉಳಿದಿರಲಿಲ್ಲ. ಆದರೂ ಕಾರ್ತವೀರ್ಯ ಮಹಾಮಂಡಲೇಶ್ವರನಾಗಿಯೇ ಉಳಿದ. ಮೇಲಿನವನು ಹೋದ ಮೇಲೂ ಕೆಳಗಿನ ಪದವಿ ಯಾಕೆ ಉಳಿಯುತ್ತದೆ? ಈ ಪ್ರಶ್ನೆ ಹಿಡಿದುಕೊಂಡು ನಾನು ದಕ್ಷಿಣದ ದಾರಿ ಹಿಡಿದೆ.

ಬೆಳಗಾವಿಯ ಬಸ್ ನಿಲ್ದಾಣದಲ್ಲಿ ಗೋವೆಯಿಂದ ಬಂದ ಬಸ್ಸುಗಳು ನಿಂತಿದ್ದವು. ಅವುಗಳ ಮೈಮೇಲೆ 'ಕದಂಬ' ಎಂಬ ಹೆಸರು, ಜೊತೆಗೆ ಸಿಂಹ. ಗೋವೆಯ ಸರ್ಕಾರಿ ಸಾರಿಗೆ ಸಂಸ್ಥೆ ತನ್ನ ಹೆಸರನ್ನೂ ಗುರುತನ್ನೂ ತೆಗೆದುಕೊಂಡದ್ದು ಮಹಾಮಂಡಲೇಶ್ವರರ ಒಂದು ಮನೆತನದಿಂದ. ಚಂದ್ರಪುರ, ಆಮೇಲೆ ಗೋಪಕಪಟ್ಟಣದಿಂದ ಆಳಿದ ಗೋವೆಯ ಕದಂಬರು ಹೊನ್ನಿನ ನಾಣ್ಯದ ಮೇಲೆ ಸಿಂಹವನ್ನೂ ಸಪ್ತಕೋಟೀಶ್ವರನ ಹೆಸರನ್ನೂ ಅಚ್ಚು ಹಾಕಿಸಿದವರು. ಕೊಂಕಣ ಚಕ್ರವರ್ತಿ ಎಂದೂ ಕರೆಸಿಕೊಂಡವರು. ಅಷ್ಟಾದರೂ ಅವರ ಶಾಸನದಲ್ಲಿ ಊರಿನ ಹೆಸರು ಬಂದಾಗ ಗೋವೆ ಕಾಣುವುದಿಲ್ಲ. 'ಬನವಾಸಿಪುರವರಾಧೀಶ್ವರ' ಎಂದೇ ಇರುತ್ತದೆ.

ಖಾನಾಪುರ ದಾಟಿ ಹಲಸಿಗೆ ಹೋದರೆ ಈ ನೆನಪಿನ ಉದ್ದ ಎಷ್ಟೆಂದು ತಿಳಿಯುತ್ತದೆ. ಈಗ ಸಣ್ಣ ಹಳ್ಳಿ. ಒಂದು ಕಾಲಕ್ಕೆ ಪಲಾಸಿಕಾ ಎಂಬ ಹೆಸರಿನಲ್ಲಿ ಬನವಾಸಿಯ ಹಳೆಯ ಕದಂಬರ ಎರಡನೇ ರಾಜಧಾನಿಯಂತಿತ್ತು. ಇಲ್ಲಿ ಸಿಕ್ಕ ತಾಮ್ರಪಟಗಳಲ್ಲಿ ಐದು, ಆರನೇ ಶತಮಾನದ ಕದಂಬ ಅರಸರು ಜೈನರಿಗೆ ಕೊಟ್ಟ ದತ್ತಿಗಳಿವೆ. ಅದೇ ಹಳ್ಳಿಯ ಭೂವರಾಹ ನರಸಿಂಹನ ಗುಡಿಯಲ್ಲಿ 12ನೇ ಶತಮಾನದ ಗೋವೆಯ ಕದಂಬರ ಶಾಸನ. ನಡುವೆ ಆರುನೂರು ವರ್ಷ. ಆ ಅವಧಿಯಲ್ಲಿ ಬಾದಾಮಿಯ ಚಾಲುಕ್ಯರು ಬಂದು ಬನವಾಸಿಯನ್ನು ಕಿತ್ತುಕೊಂಡರು, ರಾಷ್ಟ್ರಕೂಟರು ಬಂದು ಹೋದರು. ಕದಂಬರೆಂಬ ಹೆಸರು ಎಲ್ಲೆಲ್ಲೋ ಸಣ್ಣ ಒಡೆತನಗಳಲ್ಲಿ ಉಳಿದು, ಹತ್ತನೇ ಶತಮಾನದ ಕೊನೆಗೆ ಗೋವೆಯಲ್ಲಿಯೂ ಹಾನಗಲ್ಲಿನಲ್ಲಿಯೂ ಮತ್ತೆ ತಲೆ ಎತ್ತಿತು. ಗುಡಿಯ ಎದುರುಬದುರಿನ ಗರ್ಭಗೃಹಗಳ ನಡುವೆ ನಿಂತಾಗ ಅನಿಸಿತು, ಈ ಆರುನೂರು ವರ್ಷ ಆ ಕುಲವನ್ನು ಕಾಪಾಡಿದ್ದು ಕತ್ತಿಗಿಂತ ಹೆಚ್ಚಾಗಿ ಆ ಒಂದು ಊರಿನ ಹೆಸರೇ ಇರಬೇಕು.

ಹಲಸಿಯ 1169ರ ಶಾಸನ ಕಾಲ ಹೇಳುವ ರೀತಿ ನೋಡಬೇಕು: ಕಲಿಯುಗದ 4270ನೇ ವರ್ಷ. ಹಾಕಿಸಿದವನು ಗೋವೆಯ ಕದಂಬರ ಶಿವಚಿತ್ತ ಪೆರ್ಮಾಡಿ. ಅವನ ತಾಯಿ ಮೈಲಳದೇವಿ ಚಾಲುಕ್ಯ ಚಕ್ರವರ್ತಿ ಆರನೇ ವಿಕ್ರಮಾದಿತ್ಯನ ಮಗಳು. ಅಜ್ಜ ವಿಕ್ರಮಾದಿತ್ಯ 1076ರಲ್ಲಿ ಪಟ್ಟಕ್ಕೆ ಬಂದವನೇ ಚಾಲುಕ್ಯ ವಿಕ್ರಮ ವರ್ಷವೆಂಬ ಹೊಸ ಎಣಿಕೆ ಆರಂಭಿಸಿದ್ದ, ನಾಡೆಲ್ಲ ಆ ಎಣಿಕೆಯಲ್ಲಿ ಕಾಲ ಬರೆಯುತ್ತಿತ್ತು. ಮೊಮ್ಮಗನ ಕಾಲಕ್ಕೆ ಕಲ್ಯಾಣದ ಗದ್ದುಗೆ ಕಳಚುರಿಗಳ ಕೈಗೆ ಹೋಗಿತ್ತು. ಯಾರ ಆಳಿಕೆಯ ವರ್ಷ ಬರೆಯುವುದು? ಯಾವ ಅರಸನಿಗೂ ಸೇರದ ಕಲಿಯುಗದ ಲೆಕ್ಕ ಸುರಕ್ಷಿತವಾಗಿತ್ತು. ಅದರಲ್ಲಿ ಯಾರಿಗೂ ತಲೆ ಬಾಗಬೇಕಿಲ್ಲ, ಯಾರೂ ಕೋಪಿಸಿಕೊಳ್ಳಲಾರರು.

ಕಿತ್ತೂರಿನ ಹತ್ತಿರದ ದೇಗಾವಿಯಲ್ಲಿ ಇದೇ ಶಿವಚಿತ್ತನ ರಾಣಿ ಕಟ್ಟಿಸಿದ ಗುಡಿಯಿದೆ. ಹಳೆಯ ಹೆಸರು ದೇಗಾಂವೆ. ಮೂರು ಗರ್ಭಗುಡಿಗಳು ಸಾಲಾಗಿ, ಮುಂದೆ ಉದ್ದನೆಯ ಒಂದೇ ಮಂಟಪ, ಕಂಬಗಳ ಮೈ ಕನ್ನಡಿಯಂತೆ ನುಣುಪು. ಶಿಲ್ಪಿಯ ಹೆಸರು ತಿಪ್ಪೋಜ. ಗುಡಿಯ ಹೊರಗೆ ಶೇಂಗಾ ಒಣಗಿಸುತ್ತಿದ್ದ ಹಿರಿಯರೊಬ್ಬರು ಬಂದು ಕೂತರು.

"ಬರದದ್ದು ಓದಾಕ ಬಂದೀರೇನ್ರಿ?"

"ಹೌದ್ರಿ ಯಜಮಾನರ. ಇದನ್ನ ಯಾರು ಕಟ್ಟಿಸಿದ್ದು ಗೊತ್ತೈತೇನ್ರಿ?"

"ಗೊತ್ತಿಲ್ಲದ ಏನ್ರಿ, ಕಮಲಾದೇವಿ ಕಟ್ಟಿಸಿದ್ದು. ಕಮಲ ನಾರಾಯಣನ ಗುಡಿ ಅಂತ ಅದಕ್ಕ ಹೆಸರು."

"ರಾಜಾನ ಹೆಸರು?"

ಅವರು ಸ್ವಲ್ಪ ಯೋಚಿಸಿ, "ಅಕಿ ಗಂಡ ಇದ್ದಾನಲ್ಲ, ಅವನ ಹೆಸರು ನಮಗ್ಯಾಕ ಬೇಕ್ರಿ" ಎಂದು ನಕ್ಕರು.

1174ರ ಇಲ್ಲಿನ ಶಾಸನವನ್ನು ಓದಿದರೆ ಅವರ ನಗೆಗೆ ಅರ್ಥವಿದೆ ಎನಿಸುತ್ತದೆ. ಕಮಲಾದೇವಿಯ ಕೋರಿಕೆಯ ಮೇಲೆ ಶಿವಚಿತ್ತ ಈ ಊರನ್ನು ಅಗ್ರಹಾರವಾಗಿ ಬಿಟ್ಟುಕೊಟ್ಟ. ಯಾವ ಗೋತ್ರದವರಿಗೆ ಎಷ್ಟು ಪಾಲು ಎಂಬುದು ಕಲ್ಲಿನಲ್ಲಿದೆ. ಬಿರುದುಗಳ ಸಾಲು ಎಷ್ಟೇ ಉದ್ದವಿರಲಿ, ಶಾಸನ ಬರೆಸಿದ್ದು ಈ ಪಾಲುಗಳಿಗಾಗಿ. ನಾಳೆ ಯಾರೋ ಬಂದು ಈ ಗದ್ದೆ ನಿನ್ನದು ಹೇಗೆ ಎಂದು ಕೇಳಿದರೆ ಬೆರಳು ಮಾಡಿ ತೋರಿಸಲು ಒಂದು ಕಲ್ಲು, ಆ ಕಲ್ಲಿನಲ್ಲಿ ಕೊಟ್ಟವನು ಯಾರು, ಕೊಡಲು ಅವನಿಗೇನು ಅಧಿಕಾರ ಎಂಬ ಉತ್ತರ. ಐದು ವಾದ್ಯ, ಸಿಂಹ, ಕೋತಿಯ ಬಾವುಟ ಎಲ್ಲ ಸೇರಿ ಆ ಉತ್ತರ. ಬಿರುದನ್ನು ಜಂಬ ಎಂದು ಓದುವುದು ಸುಲಭ. ದೇಗಾವಿಯಲ್ಲಿ ನನಗೆ ಅದು ಜಾಮೀನಿನ ಕಾಗದದ ಮೇಲಿನ ಸಹಿಯಂತೆ ಕಂಡಿತು.

ಅಲ್ಲಿಂದ ಹಾನಗಲ್ಲಿಗೆ. ಬಸ್ಸಿನಲ್ಲಿ ಪಕ್ಕದಲ್ಲಿ ಕೂತವರು ಊರಿನ ಪರಿಚಯ ಹೇಳಿದ್ದು ಕದಂಬರಿಂದಲ್ಲ. "ಇದು ವಿರಾಟನ ಊರ್ರಿ. ಪಾಂಡವರು ಅಜ್ಞಾತವಾಸ ಮಾಡಿದ್ದು ಇಲ್ಲೇ" ಎಂದರು. ಹಾನಗಲ್ಲನ್ನು ವಿರಾಟನಗರವೆಂದು ಕರೆಯುವ ರೂಢಿ ಹಳೆಯದು. ಪುರಾಣದ ಊರನ್ನು ತನ್ನದಾಗಿಸಿಕೊಳ್ಳುವ ಆಸೆ ಅರಸರಿಗಷ್ಟೇ ಇರಲಿಲ್ಲ ಎಂದಾಯಿತು.

ಪಾನುಂಗಲ್, ಅಂದರೆ ಹಾನಗಲ್ಲು, ಐನೂರು ಎಂಬ ನಾಡನ್ನು ಆಳುತ್ತ, ಹಲವು ಸಲ ಬನವಾಸಿ ಹನ್ನೆರಡು ಸಾವಿರವನ್ನೂ ಕೈಯಲ್ಲಿಟ್ಟುಕೊಂಡ ಇಲ್ಲಿನ ಕದಂಬರಿಗೆ 'ಬನವಾಸಿಪುರವರಾಧೀಶ್ವರ' ಎಂಬ ಮಾತು ಒಪ್ಪುತ್ತಿತ್ತು. ಅವರು ಅಷ್ಟಕ್ಕೆ ನಿಲ್ಲಲಿಲ್ಲ. ಅವರ ಪ್ರಶಸ್ತಿಯಲ್ಲಿ ಮೂಲಪುರುಷ ಮೂರು ಕಣ್ಣಿನವನು, 84 ನಗರಗಳ ಒಡೆಯ, 18 ಅಶ್ವಮೇಧ ಮಾಡಿದವನು, ಹಿಮಾಲಯದ ನೆತ್ತಿಯ ಮೇಲೆ ತನ್ನ ಗುರುತು ನೆಟ್ಟವನು. ಹೊಲದ ಎಲ್ಲೆ ಬರೆಯುವಾಗ ಮರ, ಹುತ್ತ, ಕಲ್ಲು ಬಿಡದೆ ಬರೆಸುವ ಶಾಸನವೇ ಅರಸನ ವಿಷಯಕ್ಕೆ ಬಂದಾಗ ಹಿಮಾಲಯ ಮುಟ್ಟುತ್ತದೆ.

ತಾರಕೇಶ್ವರನ ಗುಡಿಯ ರಂಗಮಂಟಪದ ಕಮಲ ಬೆಳಗಾವಿಯದಕ್ಕಿಂತ ದೊಡ್ಡದು. ಆವರಣದ ವೀರಗಲ್ಲುಗಳ ಮುಂದೆ ನಿಂತಾಗ ಬೇರೆಯೇ ಲೆಕ್ಕ ಕಾಣುತ್ತದೆ. 1196ರಲ್ಲಿ ಹೊಯ್ಸಳ ವೀರಬಲ್ಲಾಳ ಹಾನಗಲ್ಲಿಗೆ ಮುತ್ತಿಗೆ ಹಾಕಿದ. ಇಲ್ಲಿನ ಅರಸ ಮಹಾಮಂಡಲೇಶ್ವರ ಕಾಮದೇವ. ಅವನ ದಂಡನಾಯಕ ಸೋಹಣಿ ಮುತ್ತಿಗೆಯನ್ನು ಹಿಮ್ಮೆಟ್ಟಿಸಿದ, ಹಿಮ್ಮೆಟ್ಟಿಸುವಾಗ ಸತ್ತ. ಹಿಂದೊಮ್ಮೆ ಒಂದೇ ಚಕ್ರವರ್ತಿಯ ಪಾದವನ್ನು ನೆಚ್ಚಿದ್ದ ಎರಡು ಮಹಾಮಂಡಲೇಶ್ವರ ಮನೆತನಗಳು, ಆ ಪಾದ ಇಲ್ಲವಾದ ಕೂಡಲೇ ಒಂದನ್ನೊಂದು ಮುಗಿಸಲು ಹೊರಟಿದ್ದವು. ಮಂಡಲೇಶ್ವರರ ನಡುವಿನ ಜಗಳ ಮೊದಲೂ ಇತ್ತು. ಆದರೆ ಮೇಲೊಬ್ಬ ಇದ್ದಾಗ ಗೆದ್ದವನು ಎಲ್ಲಿ ನಿಲ್ಲಬೇಕು ಎಂಬುದಕ್ಕೆ ಒಂದು ಗೆರೆಯಿತ್ತು.

ಹೊಯ್ಸಳರ ಕಥೆಯಲ್ಲಿ ಆ ಗೆರೆ ಅಳಿಸಿದ ರೀತಿ ಸ್ಪಷ್ಟವಾಗಿದೆ. 1116ರಲ್ಲಿ ತಲಕಾಡನ್ನು ಚೋಳರಿಂದ ಕಿತ್ತುಕೊಂಡ, ಮರುವರ್ಷವೇ ಬೇಲೂರಿನ ಚೆನ್ನಕೇಶವನನ್ನು ನಿಲ್ಲಿಸಿದ ವಿಷ್ಣುವರ್ಧನ ಶಾಸನದ ಭಾಷೆಯಲ್ಲಿ ಮಹಾಮಂಡಲೇಶ್ವರ ಮಾತ್ರ. ಕಲ್ಯಾಣದ ವಿರುದ್ಧ ಮತ್ತೆ ಮತ್ತೆ ಎದ್ದು, ಹಾನಗಲ್ಲಿನ ತನಕ ಬಂದು, ಸಿಂದ ಆಚುಗಿಯಂಥವರಿಂದ ಪೆಟ್ಟು ತಿಂದು ಹಿಂದೆ ಸರಿದರೂ ಆ ಪದ ಬಿಡಲಿಲ್ಲ. ಮೊಮ್ಮಗ ವೀರಬಲ್ಲಾಳ ಸೊರಟೂರಿನಲ್ಲಿ ಸೇವುಣರ ಅರಸ ಭಿಲ್ಲಮನನ್ನು ಸೋಲಿಸಿದ ಮೇಲೆ, 1192ರ ಗದಗಿನ ತ್ರಿಕೂಟೇಶ್ವರದ ಶಾಸನದ ಹೊತ್ತಿಗೆ ಚಕ್ರವರ್ತಿಯ ಬಿರುದುಗಳನ್ನು ತೊಟ್ಟಿದ್ದ. ಅವನಿಗಿಂತ 30 ವರ್ಷ ಮೊದಲು ಕಳಚುರಿ ಬಿಜ್ಜಳ ಇದೇ ದಾರಿ ತುಳಿದಿದ್ದ. ಒಡೆಯನ ರಾಜ್ಯ ಕೈಗೆ ಬಂದ ಮೇಲೂ ಕೆಲವು ವರ್ಷ ಮಹಾಮಂಡಲೇಶ್ವರನೆಂದೇ ಬರೆಸಿ, 1162ರ ಸುಮಾರಿಗೆ ಆ ಪದವನ್ನು ಕೈಬಿಟ್ಟ. ಬಿಜ್ಜಳನ 'ಶನಿವಾರಸಿದ್ಧಿ', 'ಗಿರಿದುರ್ಗಮಲ್ಲ' ಎಂಬ ಬಿರುದುಗಳೂ ಆಮೇಲೆ ಬಲ್ಲಾಳನ ಹೆಸರಿನ ಮುಂದೆ ಕಾಣಿಸಿಕೊಂಡವು. ಕುದುರೆ, ಆನೆಗಳ ಹಾಗೆ ಬಿರುದೂ ಗೆದ್ದವನ ಪಾಲಾಗುತ್ತಿತ್ತು. ಬಿಜ್ಜಳನನ್ನು ಇಂದು ನಾಡು ನೆನೆಯುವುದು ಈ ಯಾವ ಬಿರುದಿನಿಂದಲೂ ಅಲ್ಲ; ಅವನ ಭಂಡಾರ ನೋಡಿಕೊಂಡಿದ್ದ ಬಸವಣ್ಣನಿಂದ.

ಹಾನಗಲ್ಲಿನಿಂದ ಮುಂದೆ ಹೊಲಗಳ ಬಣ್ಣ ಬದಲಾಗುತ್ತದೆ. ಜೋಳ, ಹತ್ತಿ ಕಡಿಮೆಯಾಗಿ ಭತ್ತ, ಅಡಿಕೆ ಬರುತ್ತವೆ. ಶಿಕಾರಿಪುರದ ಬಳಿ ತಾಳಗುಂದ, ಅದರ ಪಕ್ಕದಲ್ಲೇ ಬಳ್ಳಿಗಾವಿ. ಒಂದೇ ಬೆಳಿಗ್ಗೆ ಎರಡನ್ನೂ ನೋಡಬಹುದು, ನೋಡಲೇಬೇಕು.

ತಾಳಗುಂದದ ಪ್ರಣವೇಶ್ವರ ಗುಡಿಯ ಮುಂದಿನ ಕಂಬದಲ್ಲಿ ಹಳೆಯ ಕದಂಬರ ಕಥೆ ಇದೆ, ಕುಬ್ಜನೆಂಬ ಕವಿಯ ಸಂಸ್ಕೃತದಲ್ಲಿ. ಕಾಂಚಿಗೆ ಓದಲು ಹೋದ ಮಯೂರಶರ್ಮ ಪಲ್ಲವರ ಕುದುರೆ ಸವಾರನೊಬ್ಬನೊಂದಿಗೆ ಜಗಳವಾಗಿ, ದರ್ಭೆ ಹಿಡಿದ ಕೈಯಲ್ಲಿ ಕತ್ತಿ ಹಿಡಿದ. ಶ್ರೀಪರ್ವತದ ಕಾಡು ಸೇರಿ ಪಲ್ಲವರನ್ನು ಕಾಡಿದ. ಕೊನೆಗೆ ಪಲ್ಲವರು ಅವನ ಸೇವೆ ಒಪ್ಪಿ, ಪಟ್ಟ ಕಟ್ಟಿ, ಪಡುವಣ ಕಡಲಿನಿಂದ ಪ್ರೇಹರದವರೆಗಿನ ನೆಲ ಕೊಟ್ಟರು. ಇಲ್ಲಿ ಮೂರನೇ ಕಣ್ಣಿಲ್ಲ, 18 ಅಶ್ವಮೇಧಗಳಿಲ್ಲ. ಬನವಾಸಿಯ ಮೊದಲ ಒಡೆಯನೂ ಇನ್ನೊಬ್ಬರ ಕೈಯಿಂದ ಪಟ್ಟ ಕಟ್ಟಿಸಿಕೊಂಡವನೇ. ಹಾನಗಲ್ಲಿನವರು, ಗೋವೆಯವರು ತಮ್ಮ ಸಾಮಂತ ಪದವಿಯ ಪಕ್ಕಕ್ಕೆ ಸ್ವತಂತ್ರ ಬನವಾಸಿಯ ನೆನಪನ್ನು ಇಟ್ಟುಕೊಂಡು ಸಮಾಧಾನಪಟ್ಟರಲ್ಲ, ಆ ಬನವಾಸಿಯ ಬುಡದಲ್ಲಿಯೂ ಒಂದು ಒಪ್ಪಂದವಿತ್ತು. ಒಬ್ಬ ಅರಸನನ್ನು ಅರಸನೆಂದು ಇನ್ನೊಬ್ಬ ಅರಸ ಒಪ್ಪಬೇಕು. ಆ ಒಪ್ಪಿಗೆಯ ಮೇಲೆಯೇ ಗದ್ದುಗೆ.

ಬಳ್ಳಿಗಾವಿಯಲ್ಲಿ ಒಂದು ಬಿರುದು ಕಂಬವೇ ಆಗಿ ನಿಂತಿದೆ. ಬನವಾಸಿ ಹನ್ನೆರಡು ಸಾವಿರವನ್ನು ಆಳುತ್ತಿದ್ದ ಮಹಾಮಂಡಲೇಶ್ವರ ಚಾಮುಂಡರಾಯ 1047ರಲ್ಲಿ ಇಲ್ಲಿ ಗಂಡಭೇರುಂಡ ಸ್ತಂಭ ನಿಲ್ಲಿಸಿದ. ಗಂಡಭೇರುಂಡ ಎಂಬುದು ಅವನ ಬಿರುದುಗಳಲ್ಲಿ ಒಂದು. ಸುಮಾರು 30 ಅಡಿಯ ಕಂಬದ ಮೇಲಿನ ಆ ರೂಪಕ್ಕೆ ಮನುಷ್ಯನ ಮೈ, ಹಕ್ಕಿಯ ಎರಡು ತಲೆ. ಈ ಜೀವಿ ಆಮೇಲೆ ವಿಜಯನಗರದ ಅಚ್ಯುತರಾಯನ ನಾಣ್ಯಕ್ಕೆ ಬಂದು, ಮೈಸೂರಿನ ಒಡೆಯರ ಲಾಂಛನವಾಗಿ, ಈಗ ಕರ್ನಾಟಕ ಸರ್ಕಾರದ ಲಾಂಛನದಲ್ಲಿದೆ. ಪಹಣಿ ತೆಗೆಸಲು, ಜಾತಿ ಪ್ರಮಾಣಪತ್ರ ಪಡೆಯಲು ತಾಲ್ಲೂಕು ಕಚೇರಿಗೆ ಹೋದ ಪ್ರತಿಯೊಬ್ಬರ ಕೈಗೂ ಅದು ಬರುತ್ತದೆ. ಕಂಬದ ಹತ್ತಿರದ ಅಂಗಡಿಯಲ್ಲಿ ಚಹಾ ಕುಡಿಯುತ್ತಿದ್ದ ಹುಡುಗನೊಬ್ಬ, "ಸಾರ್, ಅದೇ ಅಲ್ವಾ ಸರ್ಕಾರದ ಸೀಲ್‌ನಲ್ಲಿ ಇರೋದು?" ಎಂದ. ಹೌದು ಎಂದೆ. ಕಂದಾಯ ಇಲಾಖೆಯ ಕಾಗದದಲ್ಲಿ ಆ ಎರಡು ತಲೆಯ ಹಕ್ಕಿ ಮಾಡುವ ಕೆಲಸ ದೇಗಾವಿಯ ಸಿಂಹ ಮಾಡುತ್ತಿದ್ದ ಕೆಲಸವೇ: ಈ ನೆಲ ಇಂಥವರದು ಎಂಬ ಮಾತಿನ ಹಿಂದೆ ಯಾರಿದ್ದಾರೆ ಎಂದು ತೋರಿಸುವುದು.

ದಾರಿಯ ಕೊನೆಗೆ ಹಂಪಿ. ಮಹಾಮಂಡಲೇಶ್ವರ ಪದವಿಗೆ ಇಲ್ಲಿ ಬಂದಷ್ಟು ವಿಚಿತ್ರ ಗತಿ ಎಲ್ಲಿಯೂ ಬಂದಿಲ್ಲ. 1340ರ ಬಾದಾಮಿಯ ಶಾಸನದಲ್ಲಿ ವಿಜಯನಗರದ ಮೊದಲ ಹರಿಹರ ಪೂರ್ವಪಶ್ಚಿಮ ಸಮುದ್ರಗಳಿಗೆ ಒಡೆಯ, ಆದರೂ ಮಹಾಮಂಡಲೇಶ್ವರ. ತಮ್ಮ ಬುಕ್ಕನಿಗೂ ಅದೇ ಬಿರುದು: ಶ್ರೀಮನ್ಮಹಾಮಂಡಲೇಶ್ವರ, ಅರಿರಾಯವಿಭಾಡ, ಭಾಷೆಗೆ ತಪ್ಪುವ ರಾಯರ ಗಂಡ. ಹೊಯ್ಸಳರ ಕೊನೆಯ ಅರಸರು ಕಣ್ಮರೆಯಾದ ಮೇಲೂ ಅಣ್ಣತಮ್ಮಂದಿರು ಮೇಲಿನ ಪದವಿಗೆ ಆತುರಪಡಲಿಲ್ಲ. ರಾಜಾಧಿರಾಜ, ರಾಜಪರಮೇಶ್ವರ ಎಂಬ ಚಕ್ರವರ್ತಿಯ ಬಿರುದುಗಳು ನೆಲೆಯಾದದ್ದು 1377ರಲ್ಲಿ ಪಟ್ಟಕ್ಕೆ ಬಂದ ಎರಡನೇ ಹರಿಹರನ ಕಾಲದಲ್ಲಿ. ಬೆಳಗಾವಿಯಲ್ಲಿ ಎದ್ದ ಪ್ರಶ್ನೆ ಇಲ್ಲಿ ದೊಡ್ಡದಾಗಿ ನಿಲ್ಲುತ್ತದೆ. ಇಷ್ಟು ದೊಡ್ಡ ರಾಜ್ಯ ಕಟ್ಟಿದವರಿಗೆ ಎರಡನೇ ಮೆಟ್ಟಿಲ ಹೆಸರು ಸಾಕಾದದ್ದು ಹೇಗೆ?

ಹೇಮಕೂಟದ ಬಂಡೆಯ ಮೇಲೆ ಕೂತು ಯೋಚಿಸಿದಾಗ ನನಗೆ ತೋರಿದ್ದು ಇಷ್ಟು. ಆ ಬಿರುದನ್ನು ಓದುತ್ತಿದ್ದವರು ಕೆಳಗಿನವರು. ಗಾವುಂಡ, ಸೆಟ್ಟಿ, ಗುಡಿಯ ಸ್ಥಾನಪತಿ, ದೀಪಕ್ಕೆ ಸೊಲ್ಲಿಗೆ ಎಣ್ಣೆ ಕೊಡುವ ಗಾಣಿಗ. ಇವರಿಗೆ ಮುನ್ನೂರು ವರ್ಷದಿಂದ ಗೊತ್ತಿದ್ದ ಮಾತು ಮಹಾಮಂಡಲೇಶ್ವರ. ಆ ಪದವಿಯವನು ಕೊಟ್ಟ ನೆಲ ಊರ್ಜಿತ, ಬಿಟ್ಟ ಸುಂಕ ಬಿಟ್ಟದ್ದೇ. ಹೊಸದಾಗಿ ಬಂದ ಹರಿಹರ, ಬುಕ್ಕರ ಸಂಗಮ ಮನೆತನಕ್ಕೆ ಲತ್ತಲೂರಿನಂಥ, ಬನವಾಸಿಯಂಥ ಹಳೆಯ ಊರಿನ ನೆನಪಿನ ಬಲ ಇರಲಿಲ್ಲ. ಅವರಿಗೆ ಇದ್ದ ಹಳೆಯ ಆಸ್ತಿಯೆಂದರೆ ಜನ ನಂಬಿದ್ದ ಈ ಪದವಿಯೊಂದೇ. ಚಕ್ರವರ್ತಿಯ ಬಿರುದು ಇತರ ಅರಸರ ಎದುರಿಗೆ ಹೇಳಿಕೊಳ್ಳಲು ಬೇಕು. ಊರಿನವರಿಗೆ ಬೇಕಾದದ್ದು ಹೊಲದ ಎಲ್ಲೆಗೆ ಹೊಣೆ ಹೊರುವವನ ಹೆಸರು. ಕಾರ್ತವೀರ್ಯನ ಮೇಲೆ ಚಕ್ರವರ್ತಿ ಇಲ್ಲವಾದರೂ ಅವನ ಕೆಳಗೆ ಕೂಂಡಿ ಮೂರು ಸಾವಿರದ ಜನ ಇದ್ದರು; ಪದವಿ ಉಳಿದದ್ದು ಅವರಿಗಾಗಿ.

ಎರಡು ಶತಮಾನ ಕಳೆದ ಮೇಲೆ ಇದೇ ಊರಿನಲ್ಲಿ ಪದವಿ ತಿರುಗುಮುರುಗಾಯಿತು. 1542ರ ನಂತರ ಗದ್ದುಗೆಯ ಮೇಲೆ ತುಳುವ ಸದಾಶಿವರಾಯ, ಆಳಿಕೆಯೆಲ್ಲ ಅಳಿಯ ರಾಮರಾಯನದು. ಶಾಸನಗಳಲ್ಲಿ ಸದಾಶಿವನ ಹೆಸರಿನ ಮುಂದೆ ಚಕ್ರವರ್ತಿಯ ಬಿರುದುಗಳು, ರಾಮರಾಯನ ಮುಂದೆ ಮಹಾಮಂಡಲೇಶ್ವರ. ಬಿಜ್ಜಳ, ಬಲ್ಲಾಳರು ಕಳಚಿಟ್ಟ ಪದವನ್ನು ಇವನು ಕೊನೆಯವರೆಗೂ ಬಿಡಲಿಲ್ಲ. ಬೇಕಿದ್ದರೆ ಬಿಡಬಹುದಿತ್ತು, ತಡೆಯುವವರು ಇರಲಿಲ್ಲ. 1565ರಲ್ಲಿ ಕೃಷ್ಣೆಯ ದಡದ ಯುದ್ಧದಲ್ಲಿ ಅವನ ತಲೆ ಬಿದ್ದಾಗ, ಚಕ್ರವರ್ತಿ ಬದುಕಿದ್ದರೂ ಈ ನಗರವನ್ನು ಉಳಿಸಿಕೊಳ್ಳಲು ಯಾರಿಂದಲೂ ಆಗಲಿಲ್ಲ. ರಾಜಧಾನಿ ಪೆನುಗೊಂಡೆಗೆ ಹೋಯಿತು.

ಹಂಪಿಯ ಮಾರ್ಗದರ್ಶಕರು ಜನರಿಗೆ ಚಕ್ರವರ್ತಿಗಳ ಹೆಸರು ಹೇಳಿಕೊಡುತ್ತಾರೆ, ಹೇಳಬೇಕಾದದ್ದೇ. ನಾನು ಅಲ್ಲಿಂದ ಹೊರಟದ್ದು ಒಂದು ಬೇರೆ ಅಭ್ಯಾಸದೊಂದಿಗೆ. ಈಗ ಯಾವ ಶಾಸನ ತೆರೆದರೂ ಮೊದಲು ಕೊನೆಯ ಸಾಲುಗಳಿಗೆ ಹೋಗುತ್ತೇನೆ: ಎಷ್ಟು ಮತ್ತರು ಗದ್ದೆ, ಯಾವ ಕೆರೆಯ ಕೆಳಗೆ, ಎಷ್ಟು ಗಾಣದ ಎಣ್ಣೆ, ಯಾರು ಸಾಕ್ಷಿ. ಅದನ್ನು ಓದಿಕೊಂಡು ಮೇಲಕ್ಕೆ ಬಂದರೆ ಐದು ವಾದ್ಯಗಳೂ ಕೈಯಲ್ಲಿಲ್ಲದ ಊರುಗಳೂ ಹಗುರ ಮಾತಾಗಿ ಕೇಳುವುದಿಲ್ಲ. ಆ ಮಹಾಮಂಡಲೇಶ್ವರ ದೊಡ್ಡವನೋ ಅಲ್ಲವೋ ಎಂಬುದನ್ನು ತೀರ್ಮಾನಿಸಿದ್ದು ಅವನ ಮೇಲಿದ್ದ ಚಕ್ರವರ್ತಿಯಲ್ಲ. ಅವನು ಸತ್ತ ಮೇಲೆ ಆ ಗದ್ದೆಯ ನೀರನ್ನು ತಕರಾರಿಲ್ಲದೆ ಹಾಯಿಸಿಕೊಂಡ ಊರು.